ಕೂತು ಮಾತಾಡುವ ಹೆಂಗಸರು

ನಿಪ್ಪಾಣಿಯ ಹೆಸರು 1981ರಲ್ಲಿ ದೇಶದ ಪತ್ರಿಕೆಗಳಲ್ಲೆಲ್ಲ ಬಂತು. ತಂಬಾಕಿಗೆ ನ್ಯಾಯವಾದ ಬೆಲೆ ಕೇಳಿ ರೈತರು ಶರದ್ ಜೋಶಿ ಅವರ ನಾಯಕತ್ವದಲ್ಲಿ ಪುಣೆ–ಬೆಂಗಳೂರು ಹೆದ್ದಾರಿಯ ಮೇಲೆ ಕೂತರು, ಪೊಲೀಸರು ಗುಂಡು ಹಾರಿಸಿದರು, ರೈತರು ಸತ್ತರು. ಬೆಳೆದವರ ಸಂಕಟ ಹೀಗೆ ರಕ್ತ ಹರಿದ ಮೇಲಾದರೂ ಸುದ್ದಿಯಾಯಿತು. ಅದೇ ತಂಬಾಕು ಎರಿ ಹೊಲ ಬಿಟ್ಟು ಊರೊಳಗಿನ ವಖಾರಗಳಿಗೆ ಬಂದ ಮೇಲೆ ಅದನ್ನು ಕುಟ್ಟಿ, ಜರಡಿ ಹಿಡಿದು, ಬೀಡಿಗೆ ಹದ ಮಾಡುತ್ತಿದ್ದವರು ಸಾವಿರಾರು ಹೆಂಗಸರು. ದಿನವಿಡೀ ಘಾಟು, ಮೂಗಿಗೆ ಸೆರಗು ಕಟ್ಟಿಕೊಂಡರೂ ಒಳಗಿಳಿಯುವ ಧೂಳು, ಮಾಲೀಕರ ಮರ್ಜಿಯ ಮೇಲೆ ನಿಂತ ಕೂಲಿ. ಆ ಸಂಕಟವನ್ನು ಕೇಳಿಸಿಕೊಂಡವರು ಕಡಿಮೆ.

ಕೇಳಿಸಿಕೊಂಡ ಕೆಲವರಲ್ಲಿ ಒಂದು ಪುಟ್ಟ ಸಿನಿಮಾ ತಂಡವೂ ಇತ್ತು. ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಸೇರಿ 1980ರಲ್ಲಿ ಕಟ್ಟಿದ ಈ ತಂಡದ ಹೆಸರು ‘ಯುಗಾಂತರ್’. ಇವರು ತಿಂಗಳುಗಟ್ಟಲೆ ನಿಪ್ಪಾಣಿಯ ಕೆಲಸಗಾರ್ತಿಯರ ಜೊತೆ ಇದ್ದು 1982ರಲ್ಲಿ ‘ತಂಬಾಕು ಚಾಕಿಲಾ ಊಬ್ ಆಲಿ’ ಎಂಬ ಸಾಕ್ಷ್ಯಚಿತ್ರ ಮಾಡಿದರು. ವಖಾರದ ಒಳಗಿನ ದುಡಿಮೆ, ಹೊರಗಿನ ಮುಷ್ಕರ, ಎರಡೂ ಅದರಲ್ಲಿವೆ. ಸುಮಾರು ಅರ್ಧ ಗಂಟೆಯ ಚಿತ್ರ. ಅದರಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವಾಗಿ ಕಾಣುವುದು ಧೂಳಿನ ದೃಶ್ಯವಲ್ಲ, ಮೆರವಣಿಗೆಯೂ ಅಲ್ಲ. ಹೆಂಗಸರು ಒತ್ತಾಗಿ ಕೂತು, ಒಬ್ಬರ ಮಾತಿಗೆ ಇನ್ನೊಬ್ಬರು ಮಾತು ಸೇರಿಸುತ್ತ, ಸಂಘ ಮಾಡೋಣವೇ ಬೇಡವೇ, ಮಾಡಿದರೆ ಯಾರು ಕೆಲಸ ಕಳೆದುಕೊಳ್ಳುತ್ತಾರೆ ಎಂದು ಚರ್ಚಿಸುವ ಭಾಗ. ಚಿತ್ರವನ್ನು ನಿರ್ದೇಶಿಸಿದ ದೀಪಾ ಅವರ ನಾಲ್ಕು ದಶಕದ ಕೆಲಸವನ್ನು ಸಾಲಾಗಿ ನೋಡಿದರೆ ಈ ಸಭೆ ಮತ್ತೆ ಮತ್ತೆ ಬರುತ್ತದೆ. ಊರು ಬೇರೆ, ಭಾಷೆ ಬೇರೆ, ಅನ್ಯಾಯ ಬೇರೆ. ಆದರೆ ಎಲ್ಲೋ ಒಂದು ಕಡೆ ಹೆಂಗಸರು ಕೂತು ವಿಚಾರಣೆ ನಡೆಸುತ್ತಿರುತ್ತಾರೆ, ಮತ್ತು ಕ್ಯಾಮೆರಾ ಅವರ ಮಧ್ಯೆ ಅವಸರವಿಲ್ಲದೆ ಕೂತಿರುತ್ತದೆ.

ನೊಂದ ಹೆಣ್ಣನ್ನು ತೋರಿಸಿ ನೋಡುಗರ ಕಣ್ಣಲ್ಲಿ ನೀರು ತರಿಸುವ ಸಾಕ್ಷ್ಯಚಿತ್ರಗಳು ಬೇಕಾದಷ್ಟಿವೆ. ಅಂಥ ಚಿತ್ರ ಮುಗಿದಾಗ ನೊಂದವಳು ನೊಂದವಳಾಗಿಯೇ ಉಳಿಯುತ್ತಾಳೆ, ಕರುಣೆ ತೋರಿದ ಪುಣ್ಯ ನೋಡಿದವರಿಗೆ ಸಿಗುತ್ತದೆ. ದೀಪಾ ಈ ದಾರಿ ಹಿಡಿಯಲಿಲ್ಲ. ಅನ್ಯಾಯವನ್ನು ಅನುಭವಿಸಿದವರೇ ಅದನ್ನು ತೂಗಿ, ಕಾರಣ ಹುಡುಕಿ, ತೀರ್ಮಾನಕ್ಕೆ ಬರುವ ಪ್ರಕ್ರಿಯೆ ಅವರ ವಸ್ತು. ಯಾರಿಗೆ ಏನಾಯಿತು ಎಂಬಷ್ಟೇ ಮುಖ್ಯವಾಗಿ, ನ್ಯಾಯ ಹೇಳುವ ಜಾಗದಲ್ಲಿ ಯಾರು ಕೂತಿದ್ದಾರೆ ಎಂದು ಅವರ ಚಿತ್ರಗಳು ಕೇಳುತ್ತವೆ.

ಈ ಪ್ರಶ್ನೆ ಎಲ್ಲಿಂದ ಹುಟ್ಟಿತೆಂದು ತಿಳಿಯಲು 1980ರ ಹೊತ್ತಿಗೆ ಹೋಗಬೇಕು. ಮಹಾರಾಷ್ಟ್ರದ ಆದಿವಾಸಿ ಹುಡುಗಿ ಮಥುರಾ ಮೇಲೆ ಪೊಲೀಸ್ ಠಾಣೆಯೊಳಗೇ ಅತ್ಯಾಚಾರ ನಡೆದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1978ರಲ್ಲಿ ಆರೋಪಿ ಪೊಲೀಸರನ್ನು ಖುಲಾಸೆ ಮಾಡಿತ್ತು. ಅವಳ ಮೈಮೇಲೆ ಗಾಯವಿರಲಿಲ್ಲ, ಹಾಗಾಗಿ ಒಪ್ಪಿಗೆ ಇತ್ತು ಎಂಬ ತರ್ಕ. ಮರುವರ್ಷ ನಾಲ್ವರು ಕಾನೂನು ಅಧ್ಯಾಪಕರು ಮುಖ್ಯ ನ್ಯಾಯಮೂರ್ತಿಗೆ ಬಹಿರಂಗ ಪತ್ರ ಬರೆದರು, ಊರೂರಲ್ಲಿ ಹೆಣ್ಣುಮಕ್ಕಳು ಬೀದಿಗಿಳಿದರು. ವರದಕ್ಷಿಣೆ ಸಾವುಗಳ ವಿರುದ್ಧ ಕೂಗು ಎದ್ದದ್ದೂ ಆಗಲೇ. ದೇಶದ ಅತ್ಯುನ್ನತ ನ್ಯಾಯಪೀಠಕ್ಕೇ ಹೆಣ್ಣಿನ ಬದುಕು ಅರ್ಥವಾಗಿಲ್ಲ ಎಂದು ಕಂಡುಕೊಂಡ ತಲೆಮಾರು ಅದು.

ಸಿನಿಮಾದ ಸ್ಥಿತಿಯೂ ಹಾಗೇ ಇತ್ತು. ಆಗ ಸಾಕ್ಷ್ಯಚಿತ್ರ ಎಂದರೆ 1948ರಲ್ಲಿ ಶುರುವಾದ ಸರ್ಕಾರದ ಫಿಲ್ಮ್ಸ್ ಡಿವಿಷನ್ ಎಂದೇ ಅರ್ಥ. ಟಾಕೀಸಿನಲ್ಲಿ ಕಥಾಚಿತ್ರಕ್ಕೆ ಮುಂಚೆ ಅಣೆಕಟ್ಟು, ಗೊಬ್ಬರ, ಚಿಕ್ಕ ಸಂಸಾರದ ಬಗ್ಗೆ ಒಂದು ಗಂಭೀರ ಗಂಡುದನಿ ಪಾಠ ಹೇಳುತ್ತಿತ್ತು. ತೆರೆಯ ಮೇಲಿನ ಹಳ್ಳಿಯ ಹೆಂಗಸು ನಗುತ್ತಿದ್ದಳು, ನೀರು ಹೊರುತ್ತಿದ್ದಳು, ಮಾತಾಡುತ್ತಿರಲಿಲ್ಲ.

ಯುಗಾಂತರ್ ತಂಡದ ಮೊದಲ ಚಿತ್ರ ‘ಮೋಲ್ಕರಿನ್’ (1981) ಪುಣೆಯ ಮನೆಗೆಲಸದ ಹೆಂಗಸರದು. ಪಾತ್ರೆ ತೊಳೆಯುವ, ಬಟ್ಟೆ ಒಗೆಯುವ ಹೆಂಗಸರು 1980ರಲ್ಲಿ ಪುಣೆಯಲ್ಲಿ ಮುಷ್ಕರ ಹೂಡಿದ್ದರು. ಒಂದೊಂದು ಮನೆಯಲ್ಲಿ ಒಬ್ಬೊಬ್ಬಳೇ ದುಡಿಯುವ ಕೆಲಸದಲ್ಲಿ ಸಂಘ ಕಟ್ಟುವುದು ಕಾರ್ಖಾನೆಗಿಂತ ಎಷ್ಟೋ ಪಾಲು ಕಷ್ಟ. ಗೇಟಿನ ಮುಂದೆ ನಿಂತು ಎಲ್ಲರನ್ನೂ ಒಮ್ಮೆಗೇ ಕರೆಯಲು ಅಲ್ಲಿ ಗೇಟೇ ಇಲ್ಲ. ಕರ್ನಾಟಕ ಸರ್ಕಾರ ಮನೆಗೆಲಸದವರಿಗೆ ಕನಿಷ್ಠ ಕೂಲಿ ಗೊತ್ತುಪಡಿಸಿದ್ದು 2004ರಲ್ಲಿ. ಆ ಚಿತ್ರದ ಹೆಂಗಸರು ಕೇಳುವ ವಾರದ ರಜೆ, ಕಾಯಿಲೆ ಬಿದ್ದಾಗ ಕೂಲಿ ಕಡಿತವಿಲ್ಲದ ಬದುಕು ಇವತ್ತಿಗೂ ಬೆಂಗಳೂರಿನ ಎಷ್ಟು ಮನೆಗಳಲ್ಲಿ ಸಿಗುತ್ತದೆ ಎಂದು ಓದುಗರೇ ಲೆಕ್ಕ ಹಾಕಬಹುದು.

ಈ ಚಿತ್ರಗಳನ್ನು ತೆಗೆದ ಬಗೆ ತಿಳಿಯುವುದು ಅವಶ್ಯ, ಏಕೆಂದರೆ ನೀತಿಯೂ ತಂತ್ರವೂ ಇಲ್ಲಿ ಒಂದೇ. ಆಗ ಬಳಸುತ್ತಿದ್ದದ್ದು 16 ಎಂ.ಎಂ. ಫಿಲ್ಮು. 400 ಅಡಿಯ ಒಂದು ಸುರುಳಿ ಕ್ಯಾಮೆರಾದಲ್ಲಿ ಸುಮಾರು 11 ನಿಮಿಷ ಓಡಿ ಮುಗಿಯುತ್ತದೆ. ಸುರುಳಿಗೆ ದುಡ್ಡು, ಸಂಸ್ಕರಣೆಗೆ ದುಡ್ಡು, ಧ್ವನಿಗೆ ಬೇರೆಯದೇ ಯಂತ್ರ. ಈಗಿನಂತೆ ಮೊಬೈಲ್ ಹಿಡಿದು ಗಂಟೆಗಟ್ಟಲೆ ತುಂಬಿಕೊಂಡು ಆಮೇಲೆ ಆರಿಸುವ ಸವಲತ್ತು ಇರಲಿಲ್ಲ. ಹಾಗಾಗಿ ಮೊದಲು ಕೂತು ಕೇಳಬೇಕಿತ್ತು. ಏನು ನಡೆಯಿತು, ಯಾವುದನ್ನು ತೋರಿಸಬೇಕು, ಯಾವುದನ್ನು ತೋರಿಸಿದರೆ ಯಾರ ಕೆಲಸಕ್ಕೆ ಕುತ್ತು ಬರುತ್ತದೆ ಎಂದು ಕೆಲಸಗಾರ್ತಿಯರ ಜೊತೆಗೇ ನಿರ್ಧರಿಸಬೇಕಿತ್ತು. ನಡೆದುಹೋದ ಕೆಲವು ಘಟನೆಗಳನ್ನು ಅವರೇ ಕ್ಯಾಮೆರಾ ಮುಂದೆ ಮತ್ತೆ ಮಾಡಿ ತೋರಿಸಿದರು. ಸಾಕ್ಷ್ಯಚಿತ್ರದಲ್ಲಿ ಮರುನಟನೆ ಮೋಸವಲ್ಲವೇ ಎಂದು ಕೇಳುವವರಿದ್ದಾರೆ. ನನಗೆ ಹಾಗೆ ಅನಿಸುವುದಿಲ್ಲ. ಕೆಲಸಗಾರ್ತಿಗೆ ಗೊತ್ತಿಲ್ಲದಂತೆ ಅವಳ ಕಣ್ಣೀರನ್ನು ಕದ್ದು ಹಿಡಿಯುವುದಕ್ಕಿಂತ, ಅವಳೇ ಯೋಚಿಸಿ ತನ್ನ ಬದುಕನ್ನು ತೋರಿಸಿಕೊಡುವುದು ಹೆಚ್ಚು ಸತ್ಯವಾದದ್ದು.

ಹಿಂಸೆ ಮನೆಯೊಳಗಿನದಾದಾಗ, ಯಾರಿಗೂ ಕುತ್ತು ಬಾರದಂತೆ ಹೇಗೆ ತೋರಿಸುವುದು ಎಂಬ ಪ್ರಶ್ನೆ ಇನ್ನೂ ಕಠಿಣವಾಯಿತು. ಗಂಡನಿಂದ ಏಟು ತಿನ್ನುವ ಹೆಂಗಸಿನ ಮುಖವನ್ನು ತೆರೆಗೆ ತಂದರೆ ಚಿತ್ರ ಮುಗಿದ ಮೇಲೆ ಅವಳು ಹೋಗಬೇಕಾದದ್ದು ಅದೇ ಮನೆಗೆ. ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜೊತೆ ಮಾಡಿದ ತೆಲುಗು ಚಿತ್ರ ‘ಇದಿ ಕಥ ಮಾತ್ರಮೇನಾ’ (1983) ಇದಕ್ಕೊಂದು ದಾರಿ ಹುಡುಕಿತು. ಹಲವರ ಅನುಭವಗಳನ್ನು ಸೇರಿಸಿ ಒಂದು ಕಥೆ ಹೆಣೆದರು, ಸಂಘಟನೆಯ ಹೆಣ್ಣುಮಕ್ಕಳೇ ಪಾತ್ರ ಮಾಡಿದರು. ಗಂಡ ಮತ್ತು ಅವನ ಮನೆಯವರ ಕ್ರೌರ್ಯವನ್ನು ಅಪರಾಧವೆಂದು ಹೇಳುವ 498ಎ ಕಲಂ ಆಗಿನ ದಂಡ ಸಂಹಿತೆಗೆ ಸೇರಿದ್ದೂ 1983ರಲ್ಲೇ. ಅಲ್ಲಿಯವರೆಗೆ ಕಾನೂನಿಗೆ ಹೆಸರಿಡಲು ಬಾರದಿದ್ದ ಹಿಂಸೆಗೆ ಈ ಚಿತ್ರ ಮಾತು ಕೊಡುತ್ತಿತ್ತು. ಅದೇ ವರ್ಷ ಗಢವಾಲದ ಚಿಪ್ಕೋ ಹೋರಾಟಗಾರ್ತಿ ಸುದೇಶಾ ದೇವಿ ಅವರ ಕುರಿತ ‘ಸುದೇಶಾ’ ಬಂತು. ಇಷ್ಟು ಹೊತ್ತಿಗೆ ತಂಡದ ಕೆಲಸ ಒಂದು ಹಂತಕ್ಕೆ ಮುಗಿದು, ದೀಪಾ ತಮ್ಮ ದಾರಿಯಲ್ಲಿ ಮುಂದುವರಿದರು. ಬದುಕಿನ ಜೊತೆಗಾರರೂ ಆಗಿದ್ದ ನವರೋಜ್ ಕ್ಯಾಮೆರಾ ಹಿಡಿದು ಜೊತೆಯಲ್ಲೇ ಇದ್ದರು. ಮಣಿ ಕೌಲ್ ಅವರ ‘ದುವಿಧಾ’ಕ್ಕೆ ಛಾಯಾಗ್ರಹಣ ಮಾಡಿದ್ದ ಅವರು 2023ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು.

ಆಂಧ್ರದಲ್ಲಿ 1984ರ ಆಗಸ್ಟಿನಲ್ಲಿ ಎನ್.ಟಿ. ರಾಮರಾವ್ ಸರ್ಕಾರವನ್ನು ರಾಜ್ಯಪಾಲರು ವಜಾ ಮಾಡಿದ್ದು, ಅವರ ಶಾಸಕರನ್ನು ನಮ್ಮ ನಂದಿಬೆಟ್ಟಕ್ಕೆ ತಂದು ಕಾಯ್ದದ್ದು ಹಿರಿಯ ಓದುಗರಿಗೆ ನೆನಪಿರಬಹುದು. ಅದೇ ದಿನಗಳಲ್ಲಿ ಹೈದರಾಬಾದಿನ ಹಳೇ ಪಟ್ಟಣ ಕೋಮುಗಲಭೆಯಲ್ಲಿ ಬೇಯುತ್ತಿತ್ತು. ‘ಕ್ಯಾ ಹುವಾ ಇಸ್ ಶಹರ್ ಕೋ’ (1986) ಈ ಎರಡನ್ನೂ ಒಂದೇ ಕಥೆಯಾಗಿ ಓದಿತು. ಮೆರವಣಿಗೆಯ ಅಬ್ಬರ, ವೇದಿಕೆಯ ಮೇಲಿನ ನಾಯಕರ ಭಾಷಣ, ಕರ್ಫ್ಯೂ ಬಿದ್ದ ಓಣಿ, ಅಂದಂದಿನ ಕೂಲಿಯಲ್ಲೇ ಬದುಕುವ ಮನೆಗಳ ಖಾಲಿ ಒಲೆ. ಎರಡು ಧರ್ಮಗಳ ಹಳೇ ಹಗೆತನ ಎಂದು ಸುಲಭವಾಗಿ ಷರಾ ಬರೆದುಬಿಡುವ ಕಡೆ, ಈ ಗಲಭೆಯಿಂದ ಯಾರ ರಾಜಕೀಯಕ್ಕೆ ಲಾಭ ಎಂದು ಚಿತ್ರ ಪಟ್ಟುಹಿಡಿದು ಕೇಳುತ್ತದೆ. ಆಮೇಲಿನ ದಶಕಗಳಲ್ಲಿ ಇದೇ ಸೂತ್ರ ಎಷ್ಟು ಊರುಗಳಲ್ಲಿ ಮತ್ತೆ ನಡೆಯಿತು ಎಂದು ಬಲ್ಲವರಿಗೆ ಈ ಚಿತ್ರ ಹಳತೆನಿಸುವುದಿಲ್ಲ.

ದೀಪಾ ಅವರ ಕೆಲಸದಲ್ಲಿ ನನ್ನನ್ನು ಅತಿ ಹೆಚ್ಚು ಕಲಕಿದ್ದು ‘ಸಮ್‌ಥಿಂಗ್ ಲೈಕ್ ಎ ವಾರ್’ (1991). ಕುಟುಂಬ ಯೋಜನೆಯ ಕುರಿತ 52 ನಿಮಿಷದ ಚಿತ್ರ. ಹಿನ್ನೆಲೆ ಹೀಗಿದೆ. ಜನಸಂಖ್ಯೆ ನಿಯಂತ್ರಣವನ್ನು ಸರ್ಕಾರಿ ಕಾರ್ಯಕ್ರಮವಾಗಿ ಕೈಗೆತ್ತಿಕೊಂಡ ಮೊದಲ ದೇಶ ಭಾರತ, 1952ರಲ್ಲಿ. ತುರ್ತು ಪರಿಸ್ಥಿತಿಯ ಕಾಲದಲ್ಲಿ, 1976–77ರ ಒಂದೇ ವರ್ಷ 80 ಲಕ್ಷಕ್ಕೂ ಹೆಚ್ಚು ಮಂದಿಗೆ ಸಂತಾನಹರಣ ಶಸ್ತ್ರಚಿಕಿತ್ಸೆ ಆಯಿತು, ಅದರಲ್ಲಿ ಬಹುಪಾಲು ಗಂಡಸರು. ಗಂಡಸರ ಸಿಟ್ಟು 1977ರ ಚುನಾವಣೆಯಲ್ಲಿ ಸರ್ಕಾರವನ್ನು ಉರುಳಿಸುವಲ್ಲಿ ಪಾಲು ಪಡೆಯಿತು. ಅದಾದ ಮೇಲೆ ಯಾವ ಸರ್ಕಾರವೂ ಗಂಡಸರ ತಂಟೆಗೆ ಹೋಗಲಿಲ್ಲ, ಗುರಿ ಸಂಖ್ಯೆಯ ಭಾರವೆಲ್ಲ ಹೆಂಗಸರ ಹೊಟ್ಟೆಯ ಮೇಲೆ ಬಿತ್ತು. ಲ್ಯಾಪರೋಸ್ಕೋಪ್ ಬಂದ ಮೇಲೆ ಶಿಬಿರಗಳಲ್ಲಿ ಸಾಲಾಗಿ ಮಲಗಿಸಿ ನಿಮಿಷಗಳಲ್ಲಿ ಮುಗಿಸುವ ಪದ್ಧತಿ ಬೆಳೆಯಿತು.

ಚಿತ್ರದಲ್ಲಿ ಒಬ್ಬ ಡಾಕ್ಟರು ತಾವು ಎಷ್ಟು ಆಪರೇಷನ್ ಮಾಡಿದ್ದೇವೆ, ಎಷ್ಟು ಬೇಗ ಮುಗಿಸುತ್ತೇವೆ ಎಂದು ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಅವರನ್ನು ಯಾರೂ ಅಡ್ಡಪ್ರಶ್ನೆ ಕೇಳುವುದಿಲ್ಲ, ಅವರ ಮಾತಿಗೆ ಟೀಕೆಯನ್ನೂ ಸೇರಿಸುವುದಿಲ್ಲ. ಅಧಿಕಾರಕ್ಕೆ ತನ್ನ ಮಾತಿನ ಮೇಲೆ ಎಷ್ಟು ನಂಬಿಕೆ ಇರುತ್ತದೆಂದರೆ, ಅದು ಮರೆಮಾಚಲು ಹೋಗುವುದೇ ಇಲ್ಲ. ದೀಪಾ ಅದನ್ನು ಬಲ್ಲರು, ಮಾತಾಡಲು ಬಿಡುತ್ತಾರೆ. ಇದಕ್ಕೆ ಎದುರಾಗಿ ಇನ್ನೊಂದು ದೃಶ್ಯಸರಣಿ ಬರುತ್ತದೆ. ಹೆಂಗಸರ ಗುಂಪೊಂದು ಹೆಣ್ಣಿನ ದೇಹದ ದೊಡ್ಡ ಚಿತ್ರವನ್ನು ನೆಲಕ್ಕೆ ಹರಡಿ, ಸುತ್ತ ಕೂತು, ಮುಟ್ಟು, ಬಸಿರು, ಸುಖ, ನೋವು ಎಲ್ಲದರ ಬಗ್ಗೆ ನಗುತ್ತ, ನಾಚುತ್ತ, ವಾದ ಮಾಡುತ್ತ ಮಾತಾಡುತ್ತದೆ. ಶಿಬಿರದ ಮೇಜಿನ ಮೇಲೆ ಅಂಕಿಯಾಗಿದ್ದ ದೇಹ ಇಲ್ಲಿ ಒಡತಿಯ ಕೈಗೆ ಮರಳುತ್ತದೆ. ಗರ್ಭನಿರೋಧಕವೇ ಬೇಡ ಎಂದು ಆ ಹೆಂಗಸರು ಹೇಳುತ್ತಿಲ್ಲ. ತಮ್ಮನ್ನು ಕೇಳಿ ಎನ್ನುತ್ತಿದ್ದಾರೆ, ಅಷ್ಟೆ. ಚಿತ್ರಕ್ಕೆ ಇರುವ ಬಲವೆಲ್ಲ ಈ ಸರಳ ಬೇಡಿಕೆಯದು.

ಈ ಚಿತ್ರ ಬಂದ ಐದು ವರ್ಷಕ್ಕೆ, 1996ರಲ್ಲಿ, ಕೇಂದ್ರ ಸರ್ಕಾರ ಸಂಖ್ಯೆಯ ಗುರಿಗಳನ್ನು ಅಧಿಕೃತವಾಗಿ ಕೈಬಿಟ್ಟಿತು. ಕಾಗದದ ಮೇಲೆ. ಛತ್ತೀಸಗಢದ ಬಿಲಾಸಪುರದ ಬಳಿ 2014ರ ನವೆಂಬರಿನಲ್ಲಿ ಒಂದೇ ಶಿಬಿರದಲ್ಲಿ ಒಬ್ಬ ಡಾಕ್ಟರು ಕೆಲವೇ ಗಂಟೆಗಳಲ್ಲಿ 83 ಹೆಂಗಸರಿಗೆ ಆಪರೇಷನ್ ಮಾಡಿದರು, ಅವರಲ್ಲಿ ಹತ್ತಕ್ಕೂ ಹೆಚ್ಚು ಮಂದಿ ಸತ್ತರು. ಇಂಥ ಶಿಬಿರಗಳನ್ನು ಮೂರು ವರ್ಷದೊಳಗೆ ನಿಲ್ಲಿಸಬೇಕೆಂದು ಸುಪ್ರೀಂ ಕೋರ್ಟ್ ಹೇಳಿದ್ದು 2016ರಲ್ಲಿ. ಐದನೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಮದುವೆಯಾದ ಹೆಂಗಸರಲ್ಲಿ ಶೇ 37.9 ಮಂದಿ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡವರು. ಗಂಡ ಮಾಡಿಸಿಕೊಂಡ ಜೋಡಿಗಳು ಶೇ 0.3. ಕರ್ನಾಟಕದಲ್ಲಿ ಹೆಂಗಸರ ಪಾಲು ಅರ್ಧಕ್ಕಿಂತ ಹೆಚ್ಚು. ಎರಡನೇ ಹೆರಿಗೆಗೆ ಆಸ್ಪತ್ರೆ ಸೇರಿದ ಬಾಣಂತಿಗೆ ಅತ್ತೆಯೋ ನರ್ಸಮ್ಮನೋ ‘ಆಪರೇಷನ್ನೂ ಮುಗಿಸಿಕೊಂಡು ಬಿಡು’ ಅನ್ನುವುದು ನಮ್ಮಲ್ಲಿ ಎಷ್ಟು ಸಹಜವಾಗಿದೆ! ಗಂಡನಿಗೆ ಆ ಮಾತು ಹೇಳುವ ಒಬ್ಬರೂ ಸಿಗುವುದಿಲ್ಲ.

ಬಡವರು ಹೆಚ್ಚಾದದ್ದೇ ಬಡತನಕ್ಕೆ ಕಾರಣ ಎಂಬ ವಾದದ ಬೇರನ್ನು ಸ್ಕಾಟ್ಲೆಂಡಿನವರೆಗೂ ಹುಡುಕಿಕೊಂಡು ಹೋದ ‘ದ ಲೆಗಸಿ ಆಫ್ ಮಾಲ್ಥಸ್’ (1994) ಇದರ ಮುಂದುವರಿಕೆ. ಅದನ್ನು ಇಲ್ಲಿ ಹೆಸರಿಸಿ ಮುಂದೆ ಹೋಗುತ್ತೇನೆ, ಏಕೆಂದರೆ ಹೆಂಗಸರೇ ನ್ಯಾಯಾಧೀಶರಾಗಿ ಕೂತ ಎರಡು ಚಿತ್ರಗಳ ಬಗ್ಗೆ ಹೇಳುವುದು ಹೆಚ್ಚಿದೆ.

ಕರ್ನಾಟಕ, ಗುಜರಾತ್, ಉತ್ತರ ಪ್ರದೇಶಗಳಲ್ಲಿ 1980ರ ದಶಕದ ಕೊನೆಗೆ ಶುರುವಾದ ಮಹಿಳಾ ಸಮಾಖ್ಯಾ ಕಾರ್ಯಕ್ರಮ ಹಳ್ಳಿಗಳಲ್ಲಿ ಹೆಂಗಸರ ಸಂಘಗಳನ್ನು ಕಟ್ಟಿತು. ಆ ಸಂಘಗಳಿಂದ ಹುಟ್ಟಿದ್ದು ‘ನಾರಿ ಅದಾಲತ್’. ಶಾಲೆಯ ಮೆಟ್ಟಿಲನ್ನೂ ಹತ್ತದ ಹೆಂಗಸರು ಗೊತ್ತಾದ ದಿನ ಗೊತ್ತಾದ ಜಾಗದಲ್ಲಿ ಕೂತು ಗಂಡ ಬಿಟ್ಟವಳ, ಹೊಡೆತ ತಿಂದವಳ ದೂರು ಕೇಳಿ ಎರಡೂ ಕಡೆಯವರನ್ನು ಕರೆಸಿ ಪಂಚಾಯ್ತಿ ಮಾಡಿದರು. ಕಾನೂನಿನ ಬಲ ಅದಕ್ಕಿರಲಿಲ್ಲ. ಇದ್ದದ್ದು ನಾಲ್ಕು ಜನರ ಎದುರಿನ ಮರ್ಯಾದೆಯ ಬಲ, ಮತ್ತು ಪಟ್ಟು ಬಿಡದ ಹೆಂಗಸರ ಸಂಖ್ಯಾಬಲ. ಇದರ ಮೇಲೆ ದೀಪಾ ‘ನಾರಿ ಅದಾಲತ್’ ಹೆಸರಿನಲ್ಲೇ ಚಿತ್ರ ಮಾಡಿದರು.

ಅದರ ನಂತರ ಬಂದ ‘ಇನ್‌ವೋಕಿಂಗ್ ಜಸ್ಟಿಸ್’ (2011) ಈ ಎಳೆಯ ಶಿಖರ. ತಮಿಳುನಾಡಿನಲ್ಲಿ ಮುಸ್ಲಿಂ ಕುಟುಂಬಗಳ ಜಗಳ ತೀರ್ಮಾನವಾಗುವುದು ಮಸೀದಿಯ ಜಮಾತ್‌ನಲ್ಲಿ, ಅಲ್ಲಿ ಕೂರುವವರೆಲ್ಲ ಗಂಡಸರು. ತಲಾಖ್‌ಗೆ ಒಳಗಾದವಳಿಗೆ ಎದುರು ನಿಂತು ತನ್ನ ಮಾತು ಹೇಳುವ ಅವಕಾಶವೂ ಇಲ್ಲ. ಪುದುಕ್ಕೋಟೈನ ಷರೀಫಾ ಖಾನಂ ಮತ್ತು ಅವರ ಜೊತೆಗಾರ್ತಿಯರು 2004ರಲ್ಲಿ ಹೆಂಗಸರದೇ ಜಮಾತ್ ಕಟ್ಟಿದರು, ಅದು 12 ಜಿಲ್ಲೆಗಳಿಗೆ ಹರಡಿತು. ಬಾನು ಮುಷ್ತಾಕ್ ಅವರ ‘ಕರಿ ನಾಗರಗಳು’ ಕಥೆ ಓದಿದವರಿಗೆ, ಅದನ್ನು ಆಧರಿಸಿ ಗಿರೀಶ ಕಾಸರವಳ್ಳಿ ತೆಗೆದ ‘ಹಸೀನಾ’ (2004) ನೋಡಿದವರಿಗೆ, ಮಕ್ಕಳನ್ನು ಕಟ್ಟಿಕೊಂಡು ನ್ಯಾಯ ಕೇಳಿ ಮಸೀದಿಯ ಮುಂದೆ ಕೂತ ಹೆಣ್ಣು ನೆನಪಿರುತ್ತಾಳೆ. ಕನ್ನಡದ ಆ ಹಸೀನಾ ಕೇಳಿದ್ದನ್ನು ಪುದುಕ್ಕೋಟೈನ ಹೆಂಗಸರು ಅದೇ ಹೊತ್ತಿಗೆ ಸಂಸ್ಥೆಯಾಗಿ ಕಟ್ಟುತ್ತಿದ್ದರು.

ಈ ವಸ್ತುವನ್ನು ಮುಟ್ಟುವುದರಲ್ಲಿ ಅಪಾಯವಿದೆ. ಮುಸ್ಲಿಂ ಹೆಣ್ಣಿನ ಕಷ್ಟವನ್ನು ಇಡೀ ಸಮುದಾಯವನ್ನು ಹಳಿಯಲು ಬಳಸುವ ರಾಜಕೀಯ ನಮ್ಮ ಸುತ್ತ ಇದೆ. ಹಾಗೆಂದು ಸುಮ್ಮನಿದ್ದರೆ ಆ ಹೆಣ್ಣಿಗೆ ಮಾಡುವ ದ್ರೋಹ. ದೀಪಾ ಹೊರಗಿನಿಂದ ತೀರ್ಪು ಕೊಡುವುದಿಲ್ಲ. ಅರ್ಜಿ ಓದುವುದು, ಗಂಡನ ಕಡೆಯವರಿಗೆ ಫೋನ್ ಮಾಡುವುದು, ಪೊಲೀಸ್ ಠಾಣೆಗೆ ಹೋಗಿ ದಬಾಯಿಸುವುದು, ಧರ್ಮ ನಿಜಕ್ಕೂ ಏನು ಹೇಳುತ್ತದೆ ಎಂದು ಎದುರಿನವರೊಂದಿಗೆ ವಾದಕ್ಕಿಳಿಯುವುದು, ಇದೆಲ್ಲವನ್ನೂ ಹೆಂಗಸರೇ ಮಾಡುತ್ತಾರೆ. ಅವರು ಧರ್ಮ ಬಿಟ್ಟವರಲ್ಲ. ಧರ್ಮ ಗಂಡಸರ ಸ್ವತ್ತಲ್ಲ ಎನ್ನುವವರು. ಒಂದು ಪ್ರಕರಣ ಗೆದ್ದ ಕೂಡಲೇ ಮುಂದಿನದು ಸೋಲುವುದೂ ಉಂಟು. ಸುಮಾರು ಒಂದೂವರೆ ಗಂಟೆಯ ಆ ಚಿತ್ರ ನ್ಯಾಯ ಎಂಬುದು ಎಷ್ಟು ದಣಿಸುವ ದಿನಗೆಲಸ ಎಂದು ತೋರಿಸುತ್ತದೆ.

ಮಾನವ ಹಕ್ಕುಗಳ ವಕೀಲ ಕೆ.ಜಿ. ಕಣ್ಣಬಿರಾನ್ ಅವರ ಕುರಿತ ‘ದಿ ಅಡ್ವೊಕೇಟ್’ (2007) ಕೋರ್ಟಿನ ಒಳಗಿನಿಂದ ಇದೇ ದಣಿವನ್ನು ಹೇಳುವ ಚಿತ್ರ. ಎನ್‌ಕೌಂಟರ್ ಹೆಸರಿನ ಕೊಲೆಗಳನ್ನು ಸಂವಿಧಾನ ಹಿಡಿದು ಪ್ರಶ್ನಿಸಿದ ಮನುಷ್ಯನ ಬದುಕು ಅದು. ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’ (2018) ರೋಹಿತ್ ವೇಮುಲ ಅವರ ಸಾವಿನ ನಂತರದ್ದು. ಹೈದರಾಬಾದ್ ವಿಶ್ವವಿದ್ಯಾಲಯ ರೋಹಿತ್ ಸೇರಿದಂತೆ ಐವರು ದಲಿತ ವಿದ್ಯಾರ್ಥಿಗಳನ್ನು ಹಾಸ್ಟೆಲಿನಿಂದ ಹೊರಹಾಕಿತು. ಅವರು ಕ್ಯಾಂಪಸ್ಸಿನಲ್ಲೇ ಡೇರೆ ಹಾಕಿಕೊಂಡು ಬಯಲಲ್ಲಿ ಮಲಗಿದರು, ಆ ಜಾಗಕ್ಕೆ ‘ವೆಲಿವಾಡ’, ಅಂದರೆ ಊರಾಚೆಯ ಕೇರಿ, ಎಂದು ಹೆಸರಿಟ್ಟರು. 2016ರ ಜನವರಿ 17ರಂದು ರೋಹಿತ್ ಪ್ರಾಣ ಬಿಟ್ಟರು. ಸಾವಿನ ಸುತ್ತ ಮರುಕದ ಚಿತ್ರ ಮಾಡುವುದು ಸುಲಭವಿತ್ತು. ದೀಪಾ ಡೇರೆಯ ಕೆಳಗೆ ನಡೆದ ಮಾತುಗಳ ಕಡೆ ತಿರುಗಿದರು. ವಿದ್ಯಾರ್ಥಿಗಳು ಅಂಬೇಡ್ಕರರನ್ನು ಓದಿ ವಾದಿಸುತ್ತಾರೆ, ತಾಯಿ ರಾಧಿಕಾ ವೇಮುಲ ಮಗನನ್ನು ಕಳೆದುಕೊಂಡವರಾಗಿ ಮಾತ್ರ ಉಳಿಯದೆ ಹೋರಾಟಗಾರ್ತಿಯಾಗಿ ಮಾತಾಡುತ್ತಾರೆ. ಲಿಂಗ, ವರ್ಗ, ಧರ್ಮಗಳ ನಂತರ ಜಾತಿಗೆ ಬಂದದ್ದೆಂದು ಈ ಚಿತ್ರವನ್ನು ಬೇರೆ ಇಡಬೇಕಿಲ್ಲ. ನಿಪ್ಪಾಣಿಯ ವಖಾರದಲ್ಲೂ ಜಾತಿ ಇತ್ತು, ಶಿಬಿರದ ಮೇಜಿನ ಮೇಲೂ ಇತ್ತು.

ಯುಗಾಂತರ್ ತಂಡದ ನಾಲ್ಕೂ ಚಿತ್ರಗಳನ್ನು ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆ ಮರುಜೀವಗೊಳಿಸಿ ಡಿಜಿಟಲ್ ರೂಪಕ್ಕೆ ತಂದಿದೆ. ‘ಕ್ಯಾ ಹುವಾ ಇಸ್ ಶಹರ್ ಕೋ’ ಚಿತ್ರವನ್ನೂ ಉಳಿಸಿದ್ದು ಅವರೇ. ನಮ್ಮ ನಾಡಿನ ಹೆಂಗಸರ ಹೋರಾಟದ ದಾಖಲೆಯನ್ನು ಕಾಪಿಟ್ಟವರು ಜರ್ಮನಿಯವರು ಎಂಬುದಕ್ಕೆ ಕೃತಜ್ಞತೆಯೂ ಇದೆ, ನೋವೂ ಇದೆ. 16 ಎಂ.ಎಂ. ಪ್ರೊಜೆಕ್ಟರ್ ಹೊತ್ತು ಬಸ್ತಿಗಳಿಗೆ, ಸಂಘದ ಸಭೆಗಳಿಗೆ ಒಯ್ದು ತೋರಿಸಿದ ಚಿತ್ರಗಳಿವು. ಈಗ ಒಂದು ಪೆನ್‌ಡ್ರೈವ್ ಸಾಕು. ‘ತಂಬಾಕು’ ಚಿತ್ರಕ್ಕೆ ಕನ್ನಡ ಅಡಿಬರಹ ಹಾಕಿಸಿ ನಿಪ್ಪಾಣಿ, ಚಿಕ್ಕೋಡಿ, ಬೆಳಗಾವಿಯ ಕಾಲೇಜುಗಳಲ್ಲಿ, ಬೀಡಿ ಕಟ್ಟುವವರ ಓಣಿಗಳಲ್ಲಿ ತೋರಿಸುವ ಕೆಲಸವನ್ನು ಚಲನಚಿತ್ರ ಅಕಾಡೆಮಿ ಈ ವರ್ಷವೇ ಕೈಗೆತ್ತಿಕೊಳ್ಳಬೇಕು. ಪಂಚಾಯತಿಗೆ ಬಂದ ಹೆಣ್ಣುಮಕ್ಕಳ ಬಗ್ಗೆ ದೀಪಾ 1990ರ ದಶಕದ ಮಧ್ಯದಲ್ಲಿ ಕನ್ನಡದಲ್ಲೇ ಮಾಡಿದ ಚಿತ್ರವೂ ಇದೆ, ‘ಇಟ್ಟ ಹೆಜ್ಜೆ ಮುಂದಕ್ಕ ತೆಗೀಬ್ಯಾಡ್ರಿ ಹಿಂದಕ್ಕ’. ಈಗ ನಮ್ಮ ಪಂಚಾಯತಿಗಳಲ್ಲಿ ಅರ್ಧದಷ್ಟು ಸ್ಥಾನ ಹೆಂಗಸರದು, ಎಷ್ಟೋ ಕಡೆ ಅಧ್ಯಕ್ಷೆಯ ಕುರ್ಚಿಯ ಪಕ್ಕದಲ್ಲಿ ಅವರ ಗಂಡನೇ ಕೂತು ಸಭೆ ನಡೆಸುತ್ತಾನೆ. ಗೆದ್ದು ಬಂದ ಸದಸ್ಯೆಯರಿಗೆ ಮೈಸೂರಿನ ಅಬ್ದುಲ್ ನಜೀರ್‌ಸಾಬ್ ಸಂಸ್ಥೆ ತರಬೇತಿ ಕೊಡುತ್ತದಲ್ಲ, ಅಲ್ಲಿ ಮೊದಲ ದಿನ ಈ ಚಿತ್ರ ಹಾಕಲಿ, ಗಂಡಂದಿರನ್ನೂ ಕರೆಸಿ ಹಿಂದಿನ ಸಾಲಿನಲ್ಲಿ ಕೂರಿಸಲಿ.